ಎತ್ತಿಗಿಂತ ಮೊದಲು ಮನುಷ್ಯ

ನಾನು ಮೊದಲಿನಿಂದಲೂ ಅಂಜುಬುರುಕ. ಬೈಲಹೊಂಗಲದ ಸಂತೆಗೆ ಹೊರಟರೆ, ಮನೆಗೆ ಕೀಲಿ ಹಾಕಿದೆನೋ ಇಲ್ಲವೋ ಎಂದು ಎರಡು ಸಲ ತಿರುಗಿ ಬರುತ್ತಿದ್ದೆ. ಈಗ ತಲೆ ನರೆತ ಮೇಲೆ ಮೂರು ಸಲ. ಆದರೂ ಒಂದು ಕಾಲಕ್ಕೆ ನನ್ನ ಬುದ್ಧಿಯ ಮೇಲೆ ನನಗೆ ಪೂರಾ ಭರವಸೆ ಇತ್ತು. ಅದು ಇದ್ದದ್ದು ನಾಲ್ಕೇ ದಿನ.

ಆಗ ನಾನು ಸಿರಸಂಗಿಯ ಹತ್ತಿರದ ಒಂದು ಹಳ್ಳಿಯಲ್ಲಿ ಸಾಲಿ ಮಾಸ್ತರ. ಊರ ಗೌಡರ ಮನೆಯ ದೇವರ ಜಗುಲಿಯ ಮೇಲೆ ತಾಡವೋಲೆಯ ಒಂದು ಕಟ್ಟು ಇತ್ತು. ಅದಕ್ಕೆ ಅವರು 'ಹುಟ್ಟಿನ ಗರಿ' ಎನ್ನುತ್ತಿದ್ದರು. ಅದರಲ್ಲಿದ್ದದ್ದು ನಮ್ಮ ಲೋಕ ಹುಟ್ಟಿದ ಕತೆಯಲ್ಲ, ಇದಕ್ಕೂ ಮೊದಲಿದ್ದ ಬೇರೊಂದು ಲೋಕದ್ದು. ಅಲ್ಲಿ ಸೂರ್ಯನಿಲ್ಲ. ಇದ್ದದ್ದು ಎರಡು ಹಕ್ಕಿ. ಬಿಳಿಯದು ರೆಕ್ಕೆ ಬಿಚ್ಚಿದರೆ ಹಗಲು, ಕರಿಯದು ಬಿಚ್ಚಿದರೆ ಇರುಳು. ಅವು ತಮ್ಮ ಮೊಟ್ಟೆಯ ಚಿಪ್ಪು ಕುಟ್ಟಿ ಮಣ್ಣು ಮಾಡಿ, ಆ ಮಣ್ಣಿನಿಂದ ಗುಡ್ಡ, ಹೊಳೆ, ಒಂದೊಂದೇ ಜೀವ ಮಾಡುತ್ತ ಹೋದವು. ಮುಂಗಾರಿ ಬಿತ್ತಿಗೆಗೆ ಕೂರಿಗೆ ಹೂಡುವ ಹಿಂದಿನ ದಿನ ಇಡೀ ಕಟ್ಟನ್ನು ಓದಿಸಬೇಕು. ಓದಿಸದೆ ಆ ಮನೆಯ ಎತ್ತುಗಳ ಹೆಗಲ ಮೇಲೆ ನೊಗ ಇಡುತ್ತಿರಲಿಲ್ಲ.

ಓದುತ್ತಿದ್ದ ಮುದುಕರು ಆ ಚಳಿಗಾಲದಲ್ಲಿ ತೀರಿಕೊಂಡಿದ್ದರು. ಹಳೆಯ ಅಕ್ಷರ ಓದಬಲ್ಲವನು ಊರಿಗೆ ನಾನೊಬ್ಬನೇ ಉಳಿದಿದ್ದೆ. ಗೌಡರು ನಾಲ್ಕು ದಿನ ಮೊದಲೇ ಕಟ್ಟು ತಂದುಕೊಟ್ಟರು. ಅಕ್ಷರ ಮಾಸಿದ್ದವು. ದಾರ ಬಿಚ್ಚಿ, ಒಂದೊಂದು ಗರಿಗೂ ಎಣ್ಣೆಯಲ್ಲಿ ಕಲಸಿದ ಕಾಡಿಗೆ ಸವರಿ ಒರೆಸಿದೆ. ಕೊರೆದ ಗೆರೆಗಳಲ್ಲಿ ಮಸಿ ನಿಂತು ಅಕ್ಷರ ಎದ್ದು ಕಂಡವು. ನನಗೆ ನಾನೇ ಶಾಭಾಸ್ ಅಂದುಕೊಂಡೆ. ತಿರುಗಿ ಪೋಣಿಸಲು ಕೂತಾಗ ನೋಡುತ್ತೇನೆ, ಅಂಚಿನ ಅಂಕಿಗಳನ್ನೆಲ್ಲ ಹುಳ ತಿಂದುಹಾಕಿದೆ. ಯಾವ ಗರಿ ಮೊದಲು, ಯಾವುದು ಆಮೇಲೆ, ಒಂದೂ ತಿಳಿಯದು.

ಗೌಡರ ಮನೆಯಲ್ಲಿ ಕೇಳಬಹುದಿತ್ತು. ಕೇಳಿದರೆ ಮಾಸ್ತರನ ಮರ್ಯಾದೆ ಏನಾಗಬೇಕು? ಅರ್ಥ ನೋಡಿ ನಾನೇ ಜೋಡಿಸಿದೆ. ಗುಡ್ಡ, ಹೊಳೆ, ಹುಲ್ಲು. ಆಮೇಲೆ ಮನುಷ್ಯ, ಅವನ ಹಿಂದೆ ಎತ್ತು. ಮನುಷ್ಯನೇ ಇಲ್ಲದ ಲೋಕದಲ್ಲಿ ಎತ್ತಿಗೇನು ಕೆಲಸ? ಸಾಲಿ ಕಲಿತ ತಲೆಗೆ ಇದರಲ್ಲಿ ಯಾವ ಅನುಮಾನವೂ ಬರಲಿಲ್ಲ.

ಓದಿದ್ದು ಶನಿವಾರ ಸಂಜೆ. ಎರಡು ದಿನದ ಹಿಂದೆ ಮಳೆ ಬಿದ್ದು ಹೊಲ ಹದಕ್ಕೆ ಬಂದಿತ್ತು. ರವಿವಾರ ಬಿತ್ತಲೇಬೇಕು. ಸೋಮವಾರ ನಮ್ಮ ಕಡೆ ಎತ್ತು ಹೂಡುವುದಿಲ್ಲ, ಮಂಗಳವಾರದ ಹೊತ್ತಿಗೆ ಆ ಬಿಸಿಲಿಗೆ ಹದ ಆರಿ ಬೀಜ ಚೀಲದಲ್ಲೇ ಉಳಿಯುತ್ತದೆ. ಪಡಸಾಲೆಯ ಕಟ್ಟೆಯ ಮೇಲೆ ಮನೆಮಂದಿಯೆಲ್ಲ ಕೂತಿದ್ದರು. ಕಟ್ಟೆಯ ಕೆಳಗೆ, ಅದೇ ಸೂರಿನಡಿ, ಎರಡು ಎತ್ತುಗಳನ್ನು ಕಟ್ಟಿದ್ದರು. ಅವೂ ಕೇಳುತ್ತವೆ ಎಂದು ಆ ಮನೆಯವರ ನಂಬಿಕೆ.

ಹುಲ್ಲಿನ ಗರಿ ಮುಗಿಸಿ ಮನುಷ್ಯನ ಗರಿ ಎತ್ತಿಕೊಂಡೆ. ಹಕ್ಕಿಗಳು ಉಳಿದ ಮಣ್ಣಿನಿಂದ ಮನುಷ್ಯನನ್ನು ಮಾಡಿದವು ಎಂದು ಓದಿದೆ. ಬೀಸಣಿಕೆಯ ಸಪ್ಪಳ ನಿಂತಿತು. ಗೌಡರ ತಾಯಿ, ಎಪ್ಪತ್ತು ದಾಟಿದ ಆಯಿ, ಒಂದಕ್ಷರ ಬಾರದವರು, ಬಾಗಿಲಿಗೆ ಒರಗಿ ಕೂತವರು ನೆಟ್ಟಗಾದರು.

"ಮಾಸ್ತರ, ಎದರಾಗ ಉಳಿದ ಮಣ್ಣರಿ ಅದು?"

ಮುಂದಿನ ಗರಿಯ ಮೇಲೆ ಕಣ್ಣಾಡಿಸಿದೆ. ಎತ್ತನ್ನು ಮಾಡಿ, ನಿನ್ನ ಬೆನ್ನ ಹಿಂದೆ ಒಬ್ಬ ನಡೆಯಬಹುದೇ ಎಂದು ಹಕ್ಕಿಗಳು ಕೇಳಿದವು; ಬರಲಿ ಎಂದಿತು ಎತ್ತು. ಈಗ ತಿಳಿಯಿತು. ಉಳಿದದ್ದು ಗುಡ್ಡದ ಮಣ್ಣಲ್ಲ, ಎತ್ತು ಮಾಡಿ ಉಳಿದದ್ದು. ಎತ್ತು ಹೂಂ ಅಂದ ಮೇಲೇ ಮನುಷ್ಯ ಹುಟ್ಟಿದ್ದು. ವರ್ಷವರ್ಷ ಓದಿಸುತ್ತಿದ್ದದ್ದು ಆ ಒಪ್ಪಿಗೆಗಾಗಿ. ನಾನು ಜೋಡಿಸಿದ ಲೋಕದಲ್ಲಿ ಎತ್ತನ್ನು ಕೇಳದೆಯೇ ಮನುಷ್ಯ ಬಂದು ನಿಂತಿದ್ದ.

ಗರಿಯಲ್ಲಿ ಹೀಗೇ ಇದೆ ಎಂದುಬಿಟ್ಟರೆ ಇಲ್ಲ ಎನ್ನಲು ಅಲ್ಲಿ ಯಾರಿಗೂ ಆ ಅಕ್ಷರ ಬರುತ್ತಿರಲಿಲ್ಲ. ಮಾತು ತುಟಿಯವರೆಗೂ ಬಂದಿತ್ತು. ಆದರೆ ಹಾಗೆಂದರೆ ಸತ್ತ ಮುದುಕರು ಇಷ್ಟು ವರ್ಷ ಸುಳ್ಳು ಓದಿದಂತಾಗುತ್ತಿತ್ತು.

"ತಪ್ಪು ನಂದರಿ, ಆಯಿ," ಎಂದೆ. "ಅಂಕಿ ಹುಳ ತಿಂದಿದ್ದವು. ನನ್ನ ತಿಳುವಳಿಕಿ ಮ್ಯಾಲ ಜೋಡಿಸೇನಿ."

"ಬಂದು ಒಂದು ಮಾತು ಕೇಳಿದ್ರ ನಿಮ್ಮ ಗಂಟೇನ ಹೋಗತಿತ್ತರಿ?" ಎಂದರು ಗೌಡರು. ಅವರ ಕಾಕಾ ಮೂಲೆಯಿಂದ, "ಮನಷ್ಯಾನ್ನ ಮೊದಲ ಮಾಡಿದವರು ನೀವು. ನಾಳೆ ಕೂರಿಗಿಗೆ ಹೆಗಲೂ ನೀವ ಕೊಡ್ರಿ," ಎಂದರು. ಯಾರೂ ನಗಲಿಲ್ಲ. ಓದು ಕೆಟ್ಟಿತು, ಇನ್ನು ಅಮಾವಾಸ್ಯೆ ಕಳೆದ ಮೇಲೇ ನೋಡೋಣ ಎಂದು ಗೌಡರು ಎದ್ದರು. ಅಮಾವಾಸ್ಯೆಗೆ ಇನ್ನೂ ಹತ್ತು ದಿನವಿತ್ತು. ಅಷ್ಟರಲ್ಲಿ ಹೊಲ ಹಂಚಿನ ಹಾಗೆ ಒಣಗುತ್ತಿತ್ತು.

ಆಯಿ ಮಗನಿಗೆ ಕೂಡಲು ಸನ್ನೆ ಮಾಡಿ ನನ್ನ ಕಡೆ ತಿರುಗಿದರು. "ತಪ್ಪು ಓದು ಕೇಳಿಸಿಕೊಂಡಾವು ಆ ಎತ್ತು. ನನಗ್ಯಾಕ ಹೇಳತೀರಿ? ಕೆಳಗಿಳದು ಅವಕ್ಕ ಹೇಳ್ರಿ."

ಸೊಸೆ ಎತ್ತಿಗೆ ತಿನ್ನಿಸುವ ಹಿಂಡಿಯನ್ನು ಬೊಗಸೆ ತುಂಬ ತಂದು ಕಟ್ಟೆಯ ಅಂಚಿಗೆ ಇಟ್ಟಳು. ಎತ್ತು ತಿಂದರೆ ಒಪ್ಪಿದ ಹಾಗೆ, ಮುಖ ತಿರುಗಿಸಿದರೆ ಮುಗಿಯಿತು ಎಂದರು ಆಯಿ. ನಾನು ತಲೆಯ ರುಮಾಲು ತೆಗೆದಿಟ್ಟು, ಎತ್ತಿನ ಗರಿ ಹಿಡಿದು ಕೆಳಗಿಳಿದೆ. ಹುಡುಗರ ಮುಂದೆ ಬೆತ್ತ ಹಿಡಿದು ನಿಲ್ಲುವವನು ಎತ್ತುಗಳ ಮುಂದೆ ನಿಂತು, "ನೀವ ಮೊದಲರಿ. ನಾವು ಉಳಿದ ಮಣ್ಣು," ಎಂದೆ. ಎತ್ತಿಗೂ ರೀ ಹಚ್ಚಿದ್ದೆ. ಆಮೇಲೆ ಎತ್ತಿನ ಗರಿಯನ್ನು ಅಲ್ಲೇ ನಿಂತು ಓದಿ, ಹಿಂಡಿಯನ್ನು ಬೊಗಸೆಯಲ್ಲಿ ತೆಗೆದುಕೊಂಡು ಮುಂದೆ ಹಿಡಿದೆ.

ಬಿಳಿ ಎತ್ತು ಒಮ್ಮೆಲೇ ತಿಂದಿತು. ಇನ್ನೊಂದು, ಎರಡು ಸಲ ಆಳುಗಳನ್ನು ಹಾಯ್ದಿದ್ದ ಕಂದು ಎತ್ತು, ಮೂಸಿ ಕತ್ತು ಪಕ್ಕಕ್ಕೆ ಎಳೆಯಿತು. ಬೆರಳ ಸಂದಿಯಿಂದ ಹಿಂಡಿ ನೆಲಕ್ಕೆ ಉದುರುತ್ತಿತ್ತು. ಗೌಡರು ಕಂಬ ಹಿಡಿದು ನಿಂತಿದ್ದರು.

"ಕೈ ಹಿಂದಕ್ಕ ತಗೀಬ್ಯಾಡ್ರಿ," ಎಂದರು ಆಯಿ, ಮೆಲ್ಲಗೆ.

ತೆಗೆಯಲಿಲ್ಲ. ಎಷ್ಟು ಹೊತ್ತೋ ಕಾಣೆ, ಬಿಸಿಯುಸಿರು ಅಂಗೈಗೆ ತಾಗಿತು, ಆಮೇಲೆ ಒರಟು ನಾಲಿಗೆ. ಉಳಿದಷ್ಟನ್ನೂ ನೆಕ್ಕಿ ಮುಗಿಸಿತು.

ಗೌಡರು ನನ್ನ ಕಡೆ ನೋಡದೆ, ಕೂರಿಗೆ ಹೊರಗೆ ತೆಗೆಯಿರಿ ಎಂದು ಆಳುಗಳಿಗೆ ಹೇಳಿದರು. ನಾನು ಎತ್ತುಗಳ ನಡುವೆಯೇ ನಿಂತಿದ್ದೆ. ಮೇಲಿನವರ ಮುಖ ನೋಡುವುದಕ್ಕಿಂತ ಅದೇ ಹಿತವೆನಿಸಿತ್ತು.

"ಮ್ಯಾಲ ಬರ್ರಿ, ಮಾಸ್ತರ," ಎಂದರು ಆಯಿ. "ಮುಂದ ಯಾವ ಗರಿ ಅಂತ ನಾ ಹೇಳತೇನಿ, ನೀವು ಹುಡುಕಿ ಓದ್ರಿ. ಲೋಕ ಇನ್ನೂ ಅರ್ಧಾ ಆಗೇತಿ."