ತಗ್ಗಿಸಿದ ಕೈ

ಫುಟ್‌ಬಾಲಿನಲ್ಲಿ, ತಾನು ಹಿಂದೆ ಆಡಿದ್ದ ಕ್ಲಬ್ಬಿನ ಎದುರು ಗೋಲು ಹೊಡೆದವನು ಕುಣಿಯಬಾರದು. ಉಂಡ ಮನೆಗೆ ತೋರುವ ಮರ್ಯಾದೆ ಅದು. ಸ್ಟ್ರೈಕರ್ ಕೀತ್ ಆರ್ಕ್‌ರೈಟ್ ಹತ್ತಾರು ಕ್ಲಬ್ಬುಗಳ ಉಪ್ಪು ತಿಂದವನು. ಒಂದೂರಿನಲ್ಲಿ ಕಿಟಕಿಗೆ ಪರದೆ ಕಟ್ಟುವಷ್ಟರಲ್ಲಿ ಇನ್ನೊಂದೂರಿಗೆ ಅವನನ್ನು ಮಾರಿಬಿಡುತ್ತಿದ್ದರು. ಹಾಗಾಗಿ ಪಾಪ, ಮನಸಾರೆ ಕುಣಿಯುವ ಯೋಗ ಅವನಿಗೆ ಕೂಡಿಬಂದದ್ದೇ ಅಪರೂಪ.

ಅವನ ಕೊನೆಯ ಪಂದ್ಯ ಥಾರ್ನ್‌ಬೀಯಲ್ಲಿ, ಆ ಊರಿನ ಕ್ಲಬ್ಬಿನ ಎದುರೇ ನಡೆಯಿತು. ಹದಿನೆಂಟರ ಹುಡುಗನಾಗಿ ಅವನು ಮೊದಲು ಆಡಿದ್ದೂ ಅದೇ ಕ್ಲಬ್ಬಿಗೆ. ಮಂಡಿನೋವು ನುಂಗಿಕೊಂಡು ಅವನು ತಲೆಯಿಂದ ಗುದ್ದಿದ ಚೆಂಡು ಬಲೆ ಸೇರಿತು. ತಬ್ಬಿಕೊಳ್ಳಲು ಓಡಿಬಂದ ಜೊತೆಗಾರರನ್ನು ಪಕ್ಕಕ್ಕೆ ಸರಿಸಿ, ಕೀತ್ ಕೈಯಿಳಿಬಿಟ್ಟು, ತಲೆ ತಗ್ಗಿಸಿ ನಿಂತ.

ಬೇಲಿಯಾಚೆ ಮಾಂಸದ ಪೈ ತಿನ್ನುತ್ತಿದ್ದ ಮುದುಕನೊಬ್ಬ ಪಕ್ಕದವನನ್ನು ತಿವಿದ.

"ಗೋಲ್ ಹೊಡ್ದೂ ಹೆಣ ಹೊತ್ತೋನ ಥರ ನಿಂತವ್ನಲ್ಲೋ!"

"ಹಿಂದೆ ನಮ್ಮಲ್ಲೇ ಆಡಿದ್ನೇನೋ?"

"ಇವ್ನಾ? ಐವತ್ತು ವರ್ಷದಿಂದ ಇದೇ ಬೇಲಿ ಹಿಡ್ಕೊಂಡ್ ನಿಂತಿದೀನಿ ಕಣೋ. ಈ ಮುಸುಡಿ ಕಂಡೇ ಇಲ್ಲ."

ಕೀತ್‌ಗೆ ಅದು ಕೇಳಿಸಿತು. ಆ ದನಿಯ ಗುರುತೂ ಹತ್ತಿತು. ಅವನ ಮೊಟ್ಟಮೊದಲ ಗೋಲಿನ ದಿನ ಇದೇ ಬೇಲಿ ಹಾರಿ ಬಂದು, "ನಿನ್ನ ಸಾಯೋತನಕ ಮರೆಯಲ್ಲ ಮಗನೇ" ಎಂದು ಕೆನ್ನೆಗೆ ಮುತ್ತಿಟ್ಟಿದ್ದವನು ಅವನೇ.