ತಲೆಕೆಳಗಾದ ಕೊಕ್ಕರೆ

ಅಡಿಲೇಡಿನ ನಮ್ಮ ಬಾಡಿಗೆ ಮನೆಯ ಹಿತ್ತಿಲಿಗೆ ಪಕ್ಕದ ಮನೆಯ ನಿಂಬೆಗಿಡ ಬಾಗಿಕೊಂಡಿತ್ತು. ಬೇಲಿ ದಾಟಿ ಉದುರಿದ ಹಣ್ಣು ಯಾರದೆಂಬ ಧರ್ಮಸಂಕಟದಲ್ಲಿ ನನ್ನ ಹೆಂಡತಿ ಸುಧಾ ಕೆಲವು ದಿನ ಅವನ್ನು ಮುಟ್ಟಲಿಲ್ಲ. ಕೊನೆಗೆ ಬುಟ್ಟಿಯಲ್ಲಿ ಆರಿಸಿಕೊಂಡು ಹಿಂದಿರುಗಿಸಲು ಹೋದಳು. ಬುಟ್ಟಿ ಇನ್ನಷ್ಟು ತುಂಬಿಕೊಂಡು ಮರಳಿತು. ಮರುದಿನ ಚಿತ್ರಾನ್ನದ ಡಬ್ಬಿ ಆಚೆ ಹೋಯಿತು. ಎರಡು ಸಾವಿರದ ಹತ್ತರ ದಶಕದ ನಡುವಿನಲ್ಲಿ ಹೀಗೆ ನಮಗೆ ದೊರೆತವರು ಕ್ಲೌಸ್ ಅಂಕಲ್, ಎಂಬತ್ತರ ಅಂಚಿನಲ್ಲಿದ್ದ ಜರ್ಮನ್ ವಿಧುರರು.

ಅವರ ನಡುಮನೆಯ ಗೋಡೆಯಲ್ಲಿ ಗುರಾಣಿಯಾಕಾರದ ಒಂದು ಮರದ ಹಲಗೆ ತೂಗುತ್ತಿತ್ತು. ನೀಲಿ ಹಿನ್ನೆಲೆಯಲ್ಲಿ, ಹಸಿರು ಗುಡ್ಡದ ಮೇಲೆ, ಎತ್ತಿದ ಒಂದು ಕಾಲಿನಲ್ಲಿ ಕಲ್ಲನ್ನು ಹಿಡಿದು ನಿಂತ ಬೆಳ್ಳಿಬಣ್ಣದ ಕೊಕ್ಕರೆ. ನಿದ್ದೆ ಬಂದರೆ ಕಲ್ಲು ಜಾರಿ ಬೀಳುತ್ತದೆ, ಹಕ್ಕಿ ಎಚ್ಚರಗೊಳ್ಳುತ್ತದೆ ಎಂದು ಅವರು ವಿವರಿಸಿದಾಗ ನನಗೆ ಒಳಗೊಳಗೇ ನಗು ಬಂತು. ನಾವು ಬೂಟಾಟಿಕೆಯನ್ನು ಬಕಧ್ಯಾನವೆನ್ನುವವರು. ಅವರ ಪೂರ್ವಿಕರಿಗೆ ಅದೇ ಬಕ ಜಾಗರಣೆಯ ದೇವತೆ. ನದಿ ದಾಟುವ ಹಾಯ್ಗಡವೊಂದನ್ನು ರಾತ್ರಿಯೆಲ್ಲ ಕಾದ ಯಾವನೋ ಹಿರಿಯನಿಗೆ ದೊರೆ ಕೊಟ್ಟ ಲಾಂಛನವಂತೆ. ಮನೆತನದ ಹೆಸರು ಫಾನ್ ರೈಯರ್‌ಬೆರ್ಗ್, ನಮ್ಮ ಮಾತಿನಲ್ಲಿ ಕೊಕ್ಕರೆಗುಡ್ಡದವರು. ಊರನ್ನು ಇನಿಷಿಯಲ್ಲಿನಲ್ಲಿ ಹೊತ್ತು ತಿರುಗುವ ಮೈಸೂರಿನವನಾದ ನನಗೆ ಅದು ಪರಕೀಯವೆನಿಸಲಿಲ್ಲ.

ಮಹಾಯುದ್ಧ ಮುಗಿಯುವ ಚಳಿಗಾಲದಲ್ಲಿ ಜರ್ಮನಿಯ ಪೂರ್ವದ ಸೀಮೆಯಲ್ಲಿದ್ದ ತಮ್ಮ ಮನೆಯನ್ನು ಬಿಟ್ಟು ಓಡುವಾಗ, ಅವರ ತಾಯಿ ಬೆಳ್ಳಿಯ ತಟ್ಟೆಗಳನ್ನು ಬಿಟ್ಟು ಈ ಹಲಗೆಯನ್ನು ಕಂಬಳಿಯಲ್ಲಿ ಸುತ್ತಿ ಗಾಡಿಗೆ ಹಾಕಿದಳಂತೆ. ಅಪ್ಪ, ಅಣ್ಣಂದಿರು ಯುದ್ಧದಿಂದ ಮರಳಲೇ ಇಲ್ಲ. ಯೌವನದಲ್ಲಿ ಹಡಗು ಹತ್ತಿ ಬಂದ ಕ್ಲೌಸ್ ಇಲ್ಲಿನ ಕಾರು ಕಾರ್ಖಾನೆ ಸೇರಿದರು. ಅಲ್ಲಿ ಯಾರೋ, 'ಇಂಥ ಊರಿನವರು' ಎಂದಷ್ಟೇ ಅರ್ಥವಿರುವ 'ಫಾನ್' ಎಂಬುದನ್ನೇ ಅವರ ಹೆಸರೆಂದು ತಿಳಿದರು; ನಿವೃತ್ತಿಯವರೆಗೂ ಜೊತೆಗಾರರಿಗೆ ಅವರು ಇಂಗ್ಲಿಷ್ ಉಚ್ಚಾರದ 'ವಾನ್' ಆಗಿಯೇ ಉಳಿದರು. ಕುಲೀನತೆಯ ಗುರುತೊಂದು ಅಡ್ಡಹೆಸರಾಗಿ ಹೋದದ್ದನ್ನು ಅವರು ನಗುತ್ತಲೇ ಹೇಳುತ್ತಿದ್ದರು.

ಒಂದು ಬೇಸಿಗೆಯ ಕೊನೆಗೆ ಅವರ ಶ್ವಾಸಕೋಶ ಸೋಲತೊಡಗಿತು. ಬ್ರಿಸ್ಬೇನಿನ ಸೇಂಟ್ ಲೂಸಿಯಾದ ವಿಶ್ವವಿದ್ಯಾಲಯದಲ್ಲಿ ಪಾಠ ಹೇಳುತ್ತಿದ್ದ ಒಬ್ಬಳೇ ಮಗಳು ಉಲ್ರಿಕ ಬಂದಳು. ಒಂದು ಮಧ್ಯಾಹ್ನ ನಾನಲ್ಲಿ ಕೂತಿದ್ದಾಗ ಅವರು ಗೋಡೆಯತ್ತ ಕೈ ತೋರಿ, ತಮ್ಮ ಶವಪೆಟ್ಟಿಗೆಯ ಮೇಲೆ ಆ ಹಲಗೆಯನ್ನು ತಲೆಕೆಳಗಾಗಿ ಇಡಬೇಕೆಂದರು. ವಂಶದ ಕೊನೆಯ ಗಂಡಸು ಸತ್ತಾಗ ಹಾಗೆ ಮಾಡುವುದು ಪದ್ಧತಿ.

"ನನ್ನ ಜೊತೆಗೆ ರೈಯರ್‌ಬೆರ್ಗ್ ಮುಗಿಯಿತು," ಎಂದರು.

ಚಹಾ ತರುತ್ತಿದ್ದ ಉಲ್ರಿಕ ಬಾಗಿಲಲ್ಲೇ ನಿಂತಳು. "ಹಾಗಾದ್ರೆ ನಾನು ಯಾರು, ಪಪ್ಪಾ?"

"ನೀನು ನನ್ನ ಮಗಳು. ಆದರೆ ನಿಯಮ ನಾನು ಮಾಡಿದ್ದಲ್ಲ."

ಅವಳು ಲೋಟವನ್ನು ಮೆಲ್ಲಗೆ ಅವರ ಕೈಗಿತ್ತು, ಅವರು ಕುಡಿದು ಮುಗಿಸುವವರೆಗೂ ಪಕ್ಕದಲ್ಲೇ ಕೂತಳು. ನಾನು ಎದ್ದು ಬಂದೆ.

ಎಲೆಯುದುರುವ ಕಾಲದಲ್ಲಿ ಅವರು ತೀರಿಕೊಂಡರು. ಮಸಣದಲ್ಲಿ ನಾವು ಬೆರಳೆಣಿಕೆಯ ಜನ. ಉಲ್ರಿಕ ಅಪ್ಪನ ಮಾತನ್ನು ಮೀರಲಿಲ್ಲ. ಹಲಗೆಯನ್ನು ತಾನೇ ತಲೆಕೆಳಗು ಮಾಡಿ ಪೆಟ್ಟಿಗೆಯ ಮೇಲಿಟ್ಟಳು. ಗುಡ್ಡ ಆಕಾಶವಾಗಿ, ಹಕ್ಕಿ ಅದಕ್ಕೆ ಜೋತುಬಿದ್ದು, ಶತಮಾನಗಳಿಂದ ಹಿಡಿದಿದ್ದ ಕಲ್ಲು ಈಗಲೋ ಆಗಲೋ ಜಾರುವುದೆಂಬಂತೆ ಕಂಡಿತು. ಪಾದ್ರಿಯ ಪ್ರಾರ್ಥನೆ ಮುಗಿಯಿತು. ಪೆಟ್ಟಿಗೆ ಇಳಿಸುವವರು ಹಗ್ಗಕ್ಕೆ ಕೈ ಹಾಕುವ ಮೊದಲೇ ಅವಳು ಮುಂದೆ ಬಂದು ಹಲಗೆಯನ್ನೆತ್ತಿಕೊಂಡಳು. ಎಲ್ಲರೆದುರು ನೆಟ್ಟಗೆ ತಿರುಗಿಸಿ ಎದೆಗೊತ್ತಿಕೊಂಡಳು. ಆಮೇಲೆ ನನ್ನ ಬಳಿ ಬಂದು, "ಅವರ ನಿಯಮ ಅವರಿಗೆ ನಡೆಸಿಕೊಟ್ಟೆ. ಇದನ್ನು ನಾನು ಮನೆಗೆ ಒಯ್ಯುತ್ತೇನೆ," ಎಂದಳು. ಆಗ ಮಾತ್ರ ಅವಳ ಕಣ್ಣು ತುಂಬಿತು.

ಕಾರಿನಲ್ಲಿ ಮನೆಗೆ ಮರಳುತ್ತಿದ್ದೆವು. ಹಿಂದಿನ ಸೀಟಿನಿಂದ ನಮ್ಮ ಮಗಳು ಅನಘಾ, "ಅಪ್ಪಾ, ಡು ವಿ ಹ್ಯಾವ್ ಒನ್?" ಎಂದಳು.

"ನಮ್ಗೆ ಹಲಗೆಗಿಲಗೆ ಇಲ್ಲ ಪುಟ್ಟಾ. ಗೋತ್ರ ಅಂತ ಇದೆ. ನಮ್ದು ಕಾಶ್ಯಪ."

"ಈಸ್ ಇಟ್ ಮೈನ್ ಟೂ?"

"ಹೂಂ. ಮದ್ವೆ ಆದ್ಮೇಲೆ ನಿಂಗೆ ಬೇರೆದು ಬರತ್ತೆ," ಎಂದೆ. ಹವಾಮಾನ ಹೇಳಿದಷ್ಟು ಸಲೀಸಾಗಿ ಹೇಳಿದ್ದೆ. ಮಾತು ಬಾಯಿಂದ ಹೊರಬಿದ್ದ ಮೇಲೆ, ಅದು ಯಾರ ದನಿಯೆಂದು ನನಗೇ ಕೇಳಿಸಿತು. ಕನ್ನಡಿಯಲ್ಲಿ ಅನಘಾಳ ಮುಖ ನೋಡಲಾಗಲಿಲ್ಲ.

ಪಕ್ಕದಲ್ಲಿದ್ದ ಸುಧಾ ಕಿಟಕಿಯಾಚೆಗೆ ನೋಡುತ್ತಲೇ ಹೇಳಿದಳು: "ನಂದು ಭಾರದ್ವಾಜ. ಪೂಜೇಲಿ ನೀವು ಜೋರಾಗಿ ನಿಮ್ದು ಹೇಳ್ತೀರಲ್ಲ, ಆಗ ನಾನು ಮನಸ್ಸಲ್ಲಿ ನಂದು ಹೇಳ್ಕೋತೀನಿ. ಮದ್ವೆ ಆದಾಗ್ನಿಂದ."

ಮಿತ್ರರೇ, ಹಬ್ಬಹಬ್ಬಕ್ಕೂ ನನ್ನ ಪಕ್ಕ ಮಣೆಯ ಮೇಲೆ ಕೂತು, ನನ್ನ ಬಲಗೈಯನ್ನು ಮುಟ್ಟಿಕೊಂಡು ತಲೆಬಾಗಿಸುವವಳ ತುಟಿ ಅಲುಗುವುದನ್ನು ನಾನು ನೋಡಿದ್ದೆ. ಮಂತ್ರ ಹೇಳಿಕೊಳ್ಳುತ್ತಿದ್ದಾಳೆಂದು ತಿಳಿದಿದ್ದೆ.