ಗುರಪ್ಪ ಬರೆದ ಅಮೇರಿಕ

ನೆರೆಮನೆಯವರು ಬೆಳಿಗ್ಗೆಯಿಂದ ಗೇಟಿಗೆ ಬಣ್ಣ ಹೊಡೆಸುತ್ತಿದ್ದಾರೆ. ಅಗಸೆ ಎಣ್ಣೆಯ ವಾಸನೆ ಬಂದ ಕೂಡಲೇ ಕಿಟಕಿ ಹಾಕಿದೆ. ಆಮೇಲೆ ಉಸಿರುಗಟ್ಟೀತೆಂದು ಹೆದರಿ ತೆರೆದೆ. ನನ್ನ ಸ್ವಭಾವವೇ ಹೀಗೆ. ಬಸ್ಸು ಹತ್ತಿದರೆ ಬ್ರೇಕಿನ ಚಿಂತೆ, ಇಳಿದರೆ ಇದೇ ನಮ್ಮ ಊರೋ ಎಂಬ ಚಿಂತೆ. ಆದರೆ ಈ ವಾಸನೆ ನನ್ನನ್ನು ಗುರಪ್ಪನ ಹತ್ತಿರ ಕರೆದೊಯ್ಯುತ್ತದೆ. ಚಿಂತೆ ಮಾಡಬೇಕಾದ ಒಂದೇ ಒಂದು ಕಡೆ ನಾನು ಮಾಡಲಿಲ್ಲ, ನೀವೇ ಕೇಳಿ.

ನಿಜಾಮರ ಆಳ್ವಿಕೆ ಕೊನೆಗಾಣಿಸಿದ ಪೊಲೀಸ್ ಕಾರ್ಯಾಚರಣೆ ಮುಗಿದು ಎರಡು ಮೂರು ವರ್ಷವಾಗಿತ್ತು. ಉಮರ್ಗಾದಲ್ಲಿ ನಾನು ಹೊಸ ಮಾಸ್ತರ. ಗುರಪ್ಪ ಪಕ್ಕದ ಖೋಲಿಯ ಪೇಂಟರ. ಹತ್ತಿರದ ಮುರುಮ ಊರಿನ ಒಕ್ಕಲು ಮನೆತನದವನು, ಹೊಲವನ್ನು ಅಣ್ಣನಿಗೆ ಬಿಟ್ಟು ಸಿಕಂದರಾಬಾದಿಗೆ ಓಡಿಹೋಗಿ ಸಿನಿಮಾ ಬೋರ್ಡು ಬರೆದು ಬಂದವನು. ಬರುವಾಗ, ಯುದ್ಧ ಮುಗಿದ ಮೇಲೆ ಬಿಳಿಯ ಸಿಪಾಯಿಗಳು ಬಿಟ್ಟುಹೋದ ಬಣ್ಣದ ಪತ್ರಿಕೆಗಳ ಗಂಟೊಂದನ್ನು ತಂದಿದ್ದ. ಅದೇ ಅವನ ಗುರುಮಠ. ಅದರ ತುಂಬ ಅಮೇರಿಕದ ಕುದುರೆ ಸವಾರರು, ಮುಗಿಲು ಮುಟ್ಟುವ ಮಹಡಿಗಳು. ಅವನು ಬರೆದ ಚಹಾದಂಗಡಿಯ ಬೋರ್ಡಿನಲ್ಲಿ ಕಪ್ಪು-ಬಸಿ ಹಿಡಿದವನ ಸೊಂಟದಲ್ಲಿ ಪಿಸ್ತೂಲು ಇರುತ್ತಿತ್ತು. ಮೌತ್ ಆರ್ಗನ್ ಬಾರಿಸುತ್ತಿದ್ದ, ತಗಡು ಕತ್ತರಿಸಿ ಕುಣಿಯುವ ಗೊಂಬೆ ಮಾಡುತ್ತಿದ್ದ. ಬಯಲಾಟದಲ್ಲಿ ರಾಕ್ಷಸನಾಗಿ ಬಂದು ಬೂಟುಗಾಲು ಟಕಟಕ ಬಡಿದು ಕುಣಿದಾಗ ಮೇಳದವರಿಗೆ ತಾಳ ತಪ್ಪಿತ್ತು.

ಒಮ್ಮೆ ಕುರಿ ಸಾಕುವ ಹಿರಿಯ ಮಾಳಪ್ಪ ಗುಡಿಯ ಗೋಡೆಗೆ ಕುರುಬರ ದೇವರು ಬೀರಪ್ಪನನ್ನು ಬರೆಸಿದ. ದೇವರ ತಲೆಯ ಮೇಲೆ ಅಗಲ ಅಂಚಿನ ಟೊಪ್ಪಿಗೆ ಬಂತು. ಹೊಡೆತ ಬೀಳುತ್ತದೆಂದು ನಾನು ಚಪ್ಪಲಿ ಮೆಟ್ಟಿ ಓಡಲು ಸಿದ್ಧನಾದೆ.

"ಇದೇನೋ ಗುರಪ್ಪಾ?"

"ಟೊಪಗಿ ರೀ ಕಾಕಾ. ಅಮೇರಿಕಾದಾಗ ದನಾ ಕಾಯಾವ್ರು ಹಾಕ್ತಾರ."

ಮಾಳಪ್ಪ ಗೋಡೆಯ ಹತ್ತಿರ ಹೋಗಿ ನೋಡಿದ. "ದನಾ ಕಾಯ್ತಾರಂದ್ರ ನಮ್ಮವರೇ ಆದ್ರು ಬಿಡು. ಬಿಸಲಾಗ ಟೊಪಗಿ ಬೇಕು. ಆದ್ರ ಕಂಬಳಿ ಎಲ್ಲೋ? ಥಂಡ್ಯಾಗ ದೇವರು ಏನ್ ಹೊತಗೋಬೇಕು?"

ಕಂಬಳಿ ಬಂತು. ಟೊಪ್ಪಿಗೆಯೂ ಉಳಿಯಿತು.

ಆಗ ಬೋರ್ಡುಗಳ ಸುಗ್ಗಿ. ಅಂಗಡಿಗಳ ಉರ್ದು ಅಕ್ಷರಗಳ ಮೇಲೆ ನೀಲಿ ಬಳಿದು, ಅದರ ಮೇಲೆ ಸಫೇದಾ ಎಂಬ ಬಿಳಿ ಬಣ್ಣದಲ್ಲಿ ಮರಾಠಿ ಬರೆಯಬೇಕು. ಕೆಲವು ಬೋರ್ಡುಗಳ ಹಳೆಯ ಹೆಸರಿನವರು ಕಾರ್ಯಾಚರಣೆಯ ಗಲಭೆಯಲ್ಲಿ ಊರು ಬಿಟ್ಟಿದ್ದರು. ಕೆಲವರು ಬಿಡಲೂ ಆಗದೆ ಸತ್ತಿದ್ದರು. ಅಂಥವನ್ನು ಅಳಿಸುವ ದಿನ ಗುರಪ್ಪ ಆರ್ಗನ್ ಮುಟ್ಟುತ್ತಿರಲಿಲ್ಲ. ಬೋರ್ಡಿನ ಮರಾಠಿಯನ್ನು ಚೀಟಿಯಲ್ಲಿ ಬರೆದುಕೊಡುವವನು ನಾನು. ನಿಲಂಗಾ, ಉದಗೀರ ಊರುಗಳ ಬೋರ್ಡಿನ ಕೆಲಸ ಕೊಡಿಸಿದವನೂ ನಾನೇ. ಅವನು ಬಿದ್ದಾನೆಂಬ ಭಯಕ್ಕೆ ರಜೆಯ ದಿನವೆಲ್ಲ ಏಣಿ ಹಿಡಿದು ನಿಲ್ಲುತ್ತಿದ್ದೆ. ಮೇಲೆ ಅವನು, ಗೆರೆ ಕೂದಲೆಳೆಯಷ್ಟು ಸಣ್ಣ ಬರಲೆಂದು, ಪ್ರತಿ ಅಕ್ಷರಕ್ಕೂ ಕುಂಚದ ತುದಿಯನ್ನು ತುಟಿಯಲ್ಲಿಟ್ಟು ಚೂಪು ಮಾಡುತ್ತಿದ್ದ.

"ಬಾಯಾಗ ಯಾಕೋ?"

"ಇಷ್ಟು ಛಲೋ ತುದಿ ಬ್ಯಾರೆ ಎಲ್ಲೂ ಆಗಂಗಿಲ್ರೀ ಮಾಸ್ತರ. ಮ್ಯಾಲ ಸಫೇದಾ ಸಿಹಿ ಇರ್ತದ."

"ಹಂಗಾರ ಚಹಾಕ್ಕ ಸಕ್ಕರಿ ಉಳೀತು," ಎಂದು ನಕ್ಕೆ.

ಕೆಲವು ವರ್ಷ ಹೀಗೇ ಹೋಯಿತು. ಉದಗೀರಿಗೆ ಬಂದ ನಾಟಕ ಕಂಪನಿಯ ಮಾಲೀಕರು ಅವನಿಗೆ ಒಂದು ದೊಡ್ಡ ಪರದೆ ಬರೆಯಲು ಹೇಳಿದರು. ಅದರಲ್ಲಿ ಯಾವುದಾದರೊಂದು ಪಟ್ಟಣವಿದ್ದರೆ ಸಾಕು ಎಂದರು. ಗುರಪ್ಪ ಇಷ್ಟು ದಿನ ಕಾದದ್ದು ಅದಕ್ಕೇ. ಮುಗಿಲೆತ್ತರದ ಮಹಡಿಗಳೆದ್ದವು, ಸಾಲುಸಾಲು ಕಿಟಕಿಗಳು. "ಇದೊಂದು ಮುಗದ್ರ ಮುಂಬೈದವ್ರು ನನ್ನ ಹುಡಕ್ಕೋತ ಬರ್ತಾರ ನೋಡ್ರಿ," ಎನ್ನುತ್ತಿದ್ದ. ಹೊಟ್ಟೆನೋವು ಮೊದಲೇ ಸುರುವಾಗಿತ್ತು. ಅಜವಾನ, ಇಂಗು, ಹರಳೆಣ್ಣೆ ಎಲ್ಲ ನಾನೇ ಕೊಟ್ಟಿದ್ದೆ. ಪರದೆ ಅರ್ಧವಾದಾಗ ಅವನ ಬಲಗೈ ಮಣಿಕಟ್ಟಿನಿಂದ ಜೋತುಬಿತ್ತು, ಕೊರಳು ಮುರಿದ ಕೋಳಿಯ ಹಾಗೆ.

ಡಾಕ್ಟರು ಅವನ ತುಟಿ ಎತ್ತಿ ಒಸಡಿನ ನೀಲಿ ಗೆರೆ ನೋಡಿದರು.

"ಕುಂಚ ಬಾಯಾಗ ಇಡ್ತೀರೇನು?"

"ಇಡ್ತೀನ್ರಿ."

"ಆ ಬಿಳಿ ಬಣ್ಣದಾಗ ಸೀಸ ಅದ, ವಿಷ ಅದು. ಇಷ್ಟು ವರ್ಷ ಒಬ್ಬರೂ ಹೇಳಲಿಲ್ಲೇನು?"

ಗುರಪ್ಪ ನನ್ನ ಕಡೆ ನೋಡಲಿಲ್ಲ. ನೋಡಿದ್ದರೆ ಚೆನ್ನಾಗಿತ್ತು.

ಕುಂಚವನ್ನು ಅರಿವೆಯಿಂದ ಕೈಗೆ ಕಟ್ಟಿಕೊಂಡು ಹದಿನೈದು ದಿನ ಒದ್ದಾಡಿದ. ಕಿಟಕಿಗಳು ವಾರೆಯಾದವು. ಕಂಪನಿಯವರಿಗೆ ಕಾಯುವ ಪುರಸೊತ್ತಿಲ್ಲ. "ಇರ್ಲಿ ಬಿಡ್ರಿ, ರಾಕ್ಷಸರ ಊರು ಸುಡೋ ಸೀನಿಗೆ ಆಗ್ತದ," ಎಂದರು ಮಾಲೀಕರು. ಬೇರೊಬ್ಬ ಪೇಂಟರ ಬಂದು ಮಹಡಿಗಳ ಮೇಲೆಲ್ಲ ಕೆಂಪು ಜ್ವಾಲೆ ಬರೆದ. ಮೊದಲ ಆಟಕ್ಕೆ ನಾನು ಗುರಪ್ಪನ ಪಕ್ಕದಲ್ಲಿ ಕೂತಿದ್ದೆ. ಪರದೆ ಇಳಿದಾಗ ಜನ ಸೀಟಿ ಹೊಡೆದರು.

"ಮಂದಿಗಿ ಪಸಂದ ಬಂತು ನೋಡ್ರಿ ಮಾಸ್ತರ," ಎಂದ. ಪರದೆ ಮತ್ತೆ ಮೇಲೇರುವಾಗ, "ಆದ್ರ ಆ ಮನ್ಯಾಗೂ ಮಂದಿ ಇದ್ರು. ಕಿಟಕ್ಯಾಗ ಅವ್ರನ್ನ ಬರ್ಯೋದು ಬಾಕಿ ಇತ್ತು," ಎಂದ.

ಮಹಾರಾಷ್ಟ್ರ ರಾಜ್ಯವಾದ ವರ್ಷ ಅವನು ಮುರುಮದಲ್ಲಿ ಅಣ್ಣನ ಮನೆಯಲ್ಲಿ ತೀರಿಕೊಂಡ. ಕೊನೆಕೊನೆಗೆ ಅತ್ತಿಗೆ ತುತ್ತು ಮಾಡಿ ಉಣ್ಣಿಸುತ್ತಿದ್ದಳಂತೆ. ನಾನು ಮಣ್ಣಿಗೆ ಹೋಗಲಿಲ್ಲ. ಶಾಲೆಯಲ್ಲಿ ಪರೀಕ್ಷೆ ಇದೆಯೆಂದು ನನಗೆ ನಾನೇ ಹೇಳಿಕೊಂಡೆ.

"ಯಾಕ ಹಂಗ ಕುಂತೀರಿ? ಇವತ್ತ ಯಾವ ಚಿಂತಿ?" ಎಂದು ಹೆಂಡತಿ ಈಗ ತಾನೇ ಕೇಳಿದಳು.

"ಚಿಂತಿ ಅಲ್ಲ," ಎಂದೆ.

ಮದುವೆಯಾದಾಗಿನಿಂದ ನನ್ನ ಬಾಯಲ್ಲಿ ಅವಳು ಕೇಳದ ಮಾತದು. ಕೈಯೊರೆಸಿಕೊಂಡು ಎದುರಿಗೆ ಬಂದು ಕೂತಳು. ಟೊಪ್ಪಿಗೆ ಹಾಕಿದ ಬೀರಪ್ಪನ ಕಥೆ ಹೇಳಿ ಅವಳನ್ನು ಎಷ್ಟೋ ಸಲ ನಗಿಸಿದ್ದೇನೆ. ಅದನ್ನು ಬರೆದ ಕೈ ಹೇಗೆ ಹೋಯಿತು, ಹೋಗುವಾಗ ಏಣಿ ಹಿಡಿದು ನಾನು ಹೇಗೆ ನಗುತ್ತ ನಿಂತಿದ್ದೆ ಎಂಬುದನ್ನು ಇವತ್ತು ಹೇಳಿದೆ.